ಬೆನ್ನಟ್ಟದ ಜೀಪುಗಳು

‘ಆರ್ಗೋ ಚಿತ್ರದ ಕೊನೆಯಲ್ಲಿ ವಿಮಾನವನ್ನು ಜೀಪುಗಳು ಬೆನ್ನಟ್ಟುವ ದೃಶ್ಯ ಕಟ್ಟುಕಥೆ ಎಂದು ಬರೆದು ನಮ್ಮ ಮಜಾ ಕೆಡಿಸಿದಿರಿ. ಸಿನಿಮಾ ಏನು ಪಠ್ಯಪುಸ್ತಕವೇ?’
– ಓದುಗರೊಬ್ಬರು

ಅಲ್ಲ ಸ್ವಾಮಿ, ಪಠ್ಯಪುಸ್ತಕವಲ್ಲ. ಎರಡು ಗಂಟೆಯ ಚಿತ್ರಕ್ಕೆ ಒಂದಿಷ್ಟು ಒಗ್ಗರಣೆ ಬೇಕು, ಒಪ್ಪಿದೆ. 2013ರಲ್ಲಿ ಈ ಹಾಲಿವುಡ್ ಚಿತ್ರಕ್ಕೆ ಆಸ್ಕರ್ ಬಂದದ್ದಕ್ಕೂ ನನ್ನ ತಕರಾರಿಲ್ಲ. ಆದರೆ ಇಷ್ಟು ಚೆಂದದ ಪತ್ರ ಬರೆಯಬಲ್ಲ ನೀವು ಇಷ್ಟು ಅಗ್ಗದ ಸರಕಿಗೆ ಮರುಳಾಗುವುದೇ?

ನಡೆದದ್ದು ಕೇಳಿ. 1979ರ ನವೆಂಬರ್ 4ರಂದು ಟೆಹರಾನಿನ ಅಮೆರಿಕ ರಾಯಭಾರ ಕಚೇರಿಗೆ ಇರಾನಿ ವಿದ್ಯಾರ್ಥಿಗಳು ನುಗ್ಗಿದಾಗ ಅಮೆರಿಕದ ಸಿಬ್ಬಂದಿಯಲ್ಲಿ ಆರು ಮಂದಿ ತಪ್ಪಿಸಿಕೊಂಡರು. ಅವರನ್ನು ತಿಂಗಳುಗಟ್ಟಲೆ ಮನೆಯಲ್ಲಿ ಬಚ್ಚಿಟ್ಟವರು ಕೆನಡಾದ ರಾಯಭಾರಿ ಕೆನ್ ಟೇಲರ್ ಮತ್ತು ಅವರ ಸಹೋದ್ಯೋಗಿ ಜಾನ್ ಶಿಯರ್‌ಡೌನ್. ಸಿಕ್ಕಿಬಿದ್ದಿದ್ದರೆ ಅತಿಥಿಗಳ ಜೊತೆ ಆತಿಥೇಯರ ಗತಿಯೂ ಮುಗಿದಂತೆಯೇ. ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎಯ ಟೋನಿ ಮೆಂಡೆಜ್ ಆ ಆರು ಮಂದಿಗೆ ‘ಆರ್ಗೋ’ ಎಂಬ ಸುಳ್ಳು ಸಿನಿಮಾದ ತಂಡದ ವೇಷ ಹಾಕಿಸಿ ಹೊರಡಿಸಿದ್ದು ನಿಜ. ಆದರೆ ನಕಲಿ ವೀಸಾಗಳಲ್ಲಿ ಇರಾನಿ ಪಂಚಾಂಗದ ಲೆಕ್ಕ ತಪ್ಪಿ ತಾರೀಖೇ ಎಡವಟ್ಟಾಗಿತ್ತು! ಕಾಗದಪತ್ರ ತಿರುವಿಹಾಕುತ್ತಿದ್ದ ಕೆನಡಾ ಕಚೇರಿಯವರೊಬ್ಬರ ಕಣ್ಣಿಗೆ ಅದು ಬೀಳದೇ ಹೋಗಿದ್ದರೆ? ನನ್ನ ಎದೆ ಹೊಡೆದುಕೊಳ್ಳುವುದು ಇಲ್ಲಿ, ಜೀಪು ಕಂಡಾಗ ಅಲ್ಲ.

1980ರ ಜನವರಿ ಕೊನೆಯ ಆ ಬೆಳಗ್ಗೆ ಟೆಹರಾನಿನ ಮೆಹರಾಬಾದ್ ವಿಮಾನ ನಿಲ್ದಾಣದಲ್ಲಿ ಯಾರೂ ಬೆನ್ನಟ್ಟಲಿಲ್ಲ. ಸ್ವಿಸ್‌ಏರ್ ವಿಮಾನದ ಯಂತ್ರದಲ್ಲೇನೋ ದೋಷ, ಹೊರಡುವುದು ತಡ. ಆ ಆರು ಮಂದಿ ಮುಖದಲ್ಲಿ ಏನೂ ತೋರಗೊಡದೆ ಕಾಯುತ್ತಾ ಕೂರಬೇಕಾಯಿತು. (ವಿಮಾನದ ಮೇಲೆ ಬರೆದಿದ್ದ ಹೆಸರು ‘ಆರ್ಗೌ’. ಕಥೆಗಾರ ಬರೆದಿದ್ದರೆ ನೀವೇ ನಗುತ್ತಿದ್ದಿರಿ.) ಸುಮ್ಮನೆ ಕೂತವರ ಭಯವನ್ನು ಪರದೆಗೆ ತರಬಲ್ಲವನೇ ಸಸ್ಪೆನ್ಸ್ ಬಲ್ಲವನು. ನಮಗೆ ಅಷ್ಟು ತಾಳ್ಮೆಯಿಲ್ಲವೆಂದು ನಿರ್ಮಾಪಕರೇ ತೀರ್ಮಾನಿಸಿದ್ದಾರೆ. ನಿಮ್ಮ ಪತ್ರ ಅವರ ಕೈಗೆ ಸಿಕ್ಕರೆ ಚೌಕಟ್ಟು ಹಾಕಿಸಿಟ್ಟುಕೊಳ್ಳುತ್ತಾರೆ.

ಜೀಪು ಬಿಡಿ, ಅದು ಚಿಕ್ಕ ಸುಳ್ಳು. ‘ಸತ್ಯ ಘಟನೆ ಆಧಾರಿತ’ ಎಂಬ ಫಲಕ ಹಾಕಿಕೊಂಡವರೆಲ್ಲ ಮಾಡುವ ದೊಡ್ಡ ಅನ್ಯಾಯ ಬೇರೆಯೇ ಇದೆ: ಹತ್ತು ಜನರ ಧೈರ್ಯವನ್ನು ಒಬ್ಬ ನಾಯಕನ ಜೇಬಿಗೆ ತುರುಕುವುದು. ಶಿಯರ್‌ಡೌನ್ ಚಿತ್ರದಲ್ಲಿ ಇಲ್ಲವೇ ಇಲ್ಲ. ಮೊದಲು ಆಸರೆ ಕೊಟ್ಟ ಬ್ರಿಟಿಷರು ಬಾಗಿಲು ಹಾಕಿಕೊಂಡವರಾಗಿದ್ದಾರೆ. ಅಂದು ಅಧ್ಯಕ್ಷರಾಗಿದ್ದ ಜಿಮ್ಮಿ ಕಾರ್ಟರ್ ಅವರೇ ಶೇ. 90ರಷ್ಟು ಶ್ರೇಯ ಕೆನಡಾದ್ದು ಎಂದರು. ಟೇಲರ್ ಬೇಸರಗೊಂಡ ಮೇಲೆ ಚಿತ್ರತಂಡ ಕೊನೆಯ ಬರಹವನ್ನೇನೋ ತಿದ್ದಿತು. ಆದರೆ ಆ ಅಕ್ಷರಗಳು ಮೂಡುವ ಹೊತ್ತಿಗೆ ಅರ್ಧ ಥಿಯೇಟರ್ ಎದ್ದು ಬಾಗಿಲ ಹತ್ತಿರ ಇರುತ್ತದಲ್ಲ, ಅದಕ್ಕೇನು ಮಾಡೋಣ?