ಆದೇಶದ ಪೂರ್ತಿ ಪ್ರತಿ ಓದಿದ್ದೀರಾ?

ಆತ್ಮೀಯರೇ, ನಮಸ್ಕಾರ.

ಕೆಲಸ ಕಳೆದುಕೊಂಡ ಬಸ್ ನಿರ್ವಾಹಕರ ಮೇಲ್ಮನವಿ ಎರಡೇ ಸಾಲಿನಲ್ಲಿ ವಜಾ ಆದ ಬಗ್ಗೆ ನೀವು ಕಳುಹಿಸಿದ ಲೇಖನ ತಲುಪಿದೆ. ಭಾಷೆ ಹದವಾಗಿದೆ, ವಿಷಯವೂ ಬೇಕಾದದ್ದೇ. ಆದರೆ ಇದ್ದ ಹಾಗೆ ಪ್ರಕಟಿಸಲಾರೆ. ನಿಮ್ಮ ಎರಡು ವಾಕ್ಯಗಳು ನನಗೆ ಸಿಟ್ಟು ತರಿಸಿವೆ.

ಒಂದು: “ಯಾವ ಕಾರಣವನ್ನೂ ಕೊಡದೆ ಮನವಿಯನ್ನು ಕಸದ ಬುಟ್ಟಿಗೆ ಎಸೆದರು.” ಆ ಎರಡು ಸಾಲು ಯಾವುವು? ಲೇಖನದಲ್ಲಿ ಎಲ್ಲಿಯೂ ಇಲ್ಲ. ನಿರ್ವಾಹಕರು ಮನವಿಯಲ್ಲಿ ಎತ್ತಿದ ಆಕ್ಷೇಪಗಳೂ ಇಲ್ಲ. ಇವೆರಡನ್ನೂ ಪಕ್ಕಪಕ್ಕ ಇಟ್ಟಿದ್ದರೆ ಕಸದ ಬುಟ್ಟಿಯ ಮಾತೇ ಬೇಕಿರಲಿಲ್ಲ. 1986ರ ರಾಮ್ ಚಂದರ್ ಪ್ರಕರಣ ನೋಡಿ. ಆತ ಸೇವೆಯಿಂದ ತೆಗೆದುಹಾಕಲ್ಪಟ್ಟ ರೈಲ್ವೆ ನೌಕರ. ವಿಚಾರಣೆ ಕ್ರಮಬದ್ಧವಾಗಿತ್ತೇ, ತೀರ್ಮಾನಕ್ಕೆ ಸಾಕ್ಷ್ಯವಿದೆಯೇ, ಶಿಕ್ಷೆ ತಪ್ಪಿಗೆ ತಕ್ಕದ್ದೇ ಎಂಬ ಮೂರನ್ನೂ ಮೇಲ್ಮನವಿಯಲ್ಲಿ ಪರಿಶೀಲಿಸಬೇಕೆಂದು ರೈಲ್ವೆಯ ನಿಯಮ 22(2) ಹೇಳುತ್ತದೆ. ರೈಲ್ವೆ ಮಂಡಳಿ ಆ ನಿಯಮದ ಮಾತುಗಳನ್ನೇ ಯಾಂತ್ರಿಕವಾಗಿ ಆದೇಶಕ್ಕೆ ಇಳಿಸಿ ಮನವಿಯನ್ನು ತಿರಸ್ಕರಿಸಿತ್ತು. ಸುಪ್ರೀಂ ಕೋರ್ಟ್ ಒಪ್ಪಲಿಲ್ಲ; ಆತನ ಮಾತನ್ನು ಕೇಳಿ, ಸಕಾರಣ ಆದೇಶ ಕೊಡಿ ಎಂದು ಮಂಡಳಿಗೇ ಹಿಂದಿರುಗಿಸಿತು. ನಿಮ್ಮ ನಿರ್ವಾಹಕರ ಸೇವಾ ನಿಯಮ ಏನೇನನ್ನು ಪರಿಶೀಲಿಸಿ ಎನ್ನುತ್ತದೆ? ಆದೇಶ ಎಲ್ಲಿ ಬಾಯಿ ಮುಚ್ಚಿಕೊಂಡಿದೆ? ಓದುಗರಿಗೆ ಬೇಕಾಗಿರುವುದು ಅದು.

ಎರಡು: “1990ರ ಎಸ್.ಎನ್. ಮುಖರ್ಜಿ ತೀರ್ಪಿನ ಪ್ರಕಾರ ಪ್ರತಿ ಮೇಲ್ಮನವಿ ಆದೇಶಕ್ಕೂ ವಿವರವಾದ ಕಾರಣ ಕಡ್ಡಾಯ.” ಸುಪ್ರೀಂ ಕೋರ್ಟಿನ ಆ ತೀರ್ಪು ಹಾಗೆ ಹೇಳಿಲ್ಲ. ಅರೆನ್ಯಾಯಿಕ ಅಧಿಕಾರ, ಅಂದರೆ ನ್ಯಾಯಾಲಯವಲ್ಲದಿದ್ದರೂ ಅದರಂತೆ ತೀರ್ಮಾನ ಕೊಡುವ ಅಧಿಕಾರ, ಚಲಾಯಿಸುವವರು ಸಾಮಾನ್ಯವಾಗಿ ಕಾರಣ ಕೊಡಬೇಕು ಎಂದಿತು, ನಿಜ. ಆದರೆ ಅವು ನ್ಯಾಯಾಲಯದ ತೀರ್ಪಿನಷ್ಟು ವಿಸ್ತಾರವಾಗಿರಬೇಕಿಲ್ಲ. ಕೆಳಗಿನ ಆದೇಶದ ಕಾರಣಗಳನ್ನು ಒಪ್ಪಿ ಅದನ್ನೇ ಎತ್ತಿಹಿಡಿಯುವ ಮೇಲ್ಮನವಿ ಪ್ರಾಧಿಕಾರ ಪ್ರತ್ಯೇಕ ಕಾರಣ ಕೊಡಬೇಕಿಲ್ಲ ಎಂದೂ ಹೇಳಿತು. ಸೇನಾಧಿಕಾರಿಯಾಗಿದ್ದ ಮುಖರ್ಜಿಯವರು ಆ ಮೊಕದ್ದಮೆಯಲ್ಲಿ ಸೋತರು. ಸೇನಾ ನ್ಯಾಯಾಲಯದ ವಿಷಯದಲ್ಲಿ ಕಾರಣ ಬರೆಯುವುದು ಕಡ್ಡಾಯವಲ್ಲ ಎಂದಾಯಿತು. ಪ್ರಾಧಿಕಾರದ ಪರ ವಕೀಲರು ಮೊದಲು ಹಿಡಿಯುವುದು ಕೆಳಗಿನ ಆದೇಶವನ್ನು ಒಪ್ಪಿದರೆ ಪ್ರತ್ಯೇಕ ಕಾರಣ ಬೇಕಿಲ್ಲ ಎಂಬ ಸಾಲನ್ನೇ. ಹಾಗಾಗಿ ಕೆಳಗಿನ ಆದೇಶದಲ್ಲಾದರೂ ಕಾರಣಗಳಿದ್ದವೇ ಎಂದು ನೀವು ನೋಡಲೇಬೇಕಿತ್ತು.

ನಾನು ವರದಿಗಾರಿಕೆ ಕಲಿಯುತ್ತಿದ್ದಾಗ ಜಮೀನಿನ ಖಾತೆಯ ಮೇಲ್ಮನವಿಯೊಂದರ ಬಗ್ಗೆ ಬರೆದಿದ್ದೆ. ಉಪವಿಭಾಗಾಧಿಕಾರಿ ಕಾರಣ ಕೊಡದೆ ವಜಾ ಮಾಡಿದರು ಎಂಬುದು ಸುದ್ದಿ. ರೈತ ನನ್ನ ಕೈಗಿಟ್ಟದ್ದು ಕೊನೆಯ ಹಾಳೆ ಮಾತ್ರ. ಮುಖ್ಯ ಉಪಸಂಪಾದಕರು ಹಸ್ತಪ್ರತಿಯನ್ನು ಮೇಜಿನ ಈಚೆಗೆ ತಳ್ಳಿ, “ಹಿಂದಿನ ಹಾಳೆಗಳು ಎಲ್ಲಿ?” ಎಂದರು. ದೃಢೀಕೃತ ನಕಲಿಗಾಗಿ ಮೂರು ಸಲ ಬಸ್ ಹತ್ತಿದೆ. ಹಿಂದೆ ನಾಲ್ಕು ಹಾಳೆಗಳಿದ್ದವು. ಅವುಗಳ ತುಂಬ ಕಾರಣಗಳಿದ್ದವು. ರೈತ ತೋರಿಸಿದ ಹಳೆಯ ಪಾಲುಪತ್ರದ ಬಗ್ಗೆ ಮಾತ್ರ ಒಂದಕ್ಷರವಿರಲಿಲ್ಲ. ನಿಜವಾದ ಸುದ್ದಿ ಅದಾಗಿತ್ತು.

ಕೆಲಸದಿಂದ ತೆಗೆದ ಶಿಸ್ತು ಪ್ರಾಧಿಕಾರದ ಆದೇಶ, ಮನವಿ, ಮೇಲ್ಮನವಿ ಆದೇಶ ಮೂರರ ಪ್ರತಿಗಳನ್ನೂ ನಿರ್ವಾಹಕರಿಂದ ಪಡೆದು, ಲೇಖನವನ್ನು ಮತ್ತೆ ಬರೆದು ಕಳುಹಿಸಿ. ಪ್ರತಿಗಳನ್ನೂ ಜೊತೆಗಿಡಿ, ನಾನೂ ಓದುತ್ತೇನೆ.