162ರಲ್ಲಿ ಇನ್ನೆಷ್ಟು ಬಾಕಿ? ಬೇಸ್‌ಬಾಲ್ ವೇಳಾಪಟ್ಟಿ ಓದುವ ಬಗೆ

ಪ್ರಶ್ನೆ: ಮಗಳ ಮನೆಗೆಂದು ನ್ಯೂಜೆರ್ಸಿಗೆ ಬಂದಿದ್ದೇವೆ. ಟಿವಿ ಹಾಕಿದರೆ ದಿನವೂ ಬೇಸ್‌ಬಾಲ್. ಐಪಿಎಲ್‌ನಲ್ಲಿ ಒಂದು ತಂಡಕ್ಕೆ 14 ಲೀಗ್ ಪಂದ್ಯ, ಇಲ್ಲಿ 162 ಅಂತಾರೆ. ಈ ಸಂಖ್ಯೆ ಎಲ್ಲಿಂದ ಬಂತು? ಯಾರ ಮೇಲೆ ಎಷ್ಟು ಸಲ ಆಡುತ್ತಾರೆ?

ಮೇಜರ್ ಲೀಗ್ ಬೇಸ್‌ಬಾಲ್‌ನಲ್ಲಿ ಅಮೆರಿಕನ್, ನ್ಯಾಷನಲ್ ಎಂದು ಎರಡು ಲೀಗ್; ಮೊದಲು ಒಂದೊಂದು ಲೀಗಿಗೆ ಎಂಟು ತಂಡ ಇದ್ದವು. ಏಳು ಎದುರಾಳಿಗಳ ಮೇಲೆ ತಲಾ 22 ಪಂದ್ಯ, ಒಟ್ಟು 154. 1961ರಲ್ಲಿ ಅಮೆರಿಕನ್ ಲೀಗ್ ಹತ್ತು ತಂಡಕ್ಕೆ ಬೆಳೆಯಿತು. ಒಂಬತ್ತು ಎದುರಾಳಿಗಳ ಮೇಲೆ ತಲಾ 18 ಪಂದ್ಯ ಎಂದಾದಾಗ ಲೆಕ್ಕ 162ಕ್ಕೆ ನಿಂತಿತು. ಮರುವರ್ಷ ನ್ಯಾಷನಲ್ ಲೀಗ್ ಕೂಡ ಅದನ್ನೇ ಹಿಡಿಯಿತು. ಆಮೇಲೆ ತಂಡಗಳು 30 ಆದವು, ಹಂಚಿಕೆ ಎಷ್ಟೋ ಸಲ ಬದಲಾಯಿತು, 162 ಮಾತ್ರ ಹಾಗೇ ಉಳಿಯಿತು. ತವರಲ್ಲಿ 81, ಹೊರಗೆ 81.

ಈಗ ಎರಡು ಲೀಗ್, ಒಂದೊಂದರಲ್ಲಿ ಮೂರು ಡಿವಿಷನ್, ಡಿವಿಷನ್‌ಗೆ ಐದು ತಂಡ. 2025ರಿಂದ ನಡೆಯುತ್ತಿರುವ ಹಂಚಿಕೆ ಹೀಗಿದೆ. ಸ್ವಂತ ಡಿವಿಷನ್ನಿನ ನಾಲ್ಕು ತಂಡಗಳ ಮೇಲೆ ತಲಾ 13, ಅಂದರೆ 52. ಅದೇ ಲೀಗಿನ ಬೇರೆ ಡಿವಿಷನ್‌ಗಳ ಹತ್ತು ತಂಡಗಳ ಪೈಕಿ ಎಂಟರ ಮೇಲೆ ಆರಾರು, ಎರಡರ ಮೇಲೆ ಏಳೇಳು, ಒಟ್ಟು 62. ಉಳಿದ 48 ಎದುರು ಲೀಗಿನ ಮೇಲೆ: 14 ತಂಡಗಳೊಡನೆ ಮೂರು ಮೂರು, ಗೊತ್ತುಪಡಿಸಿದ ಒಂದು ಸಾಂಪ್ರದಾಯಿಕ ಎದುರಾಳಿಯೊಡನೆ ಆರು. ನೀವಿರುವ ಕಡೆ ಆ ಜೋಡಿ ನ್ಯೂಯಾರ್ಕಿನ ಯಾಂಕೀಸ್ ಮತ್ತು ಮೆಟ್ಸ್.

ಡಿವಿಷನ್ ಒಳಗಿನ ಆ 13 ಅನ್ನು ನೆನಪಿನಲ್ಲಿಡಿ. 2022ರವರೆಗೆ ಅದು 19 ಇತ್ತು. ಎರಡೂ ಬೆಸಸಂಖ್ಯೆಗಳೇ. ಪೂರ್ತಿ 13 ನಡೆದರೆ ಒಬ್ಬರು ಮೇಲು, ಒಬ್ಬರು ಕೆಳಗು ಆಗಲೇಬೇಕು. ಸೀಸನ್ ಕೊನೆಯಲ್ಲಿ ಇದರ ಬೆಲೆ ಎಷ್ಟೆಂದು ಕೊನೆಯ ಉತ್ತರದಲ್ಲಿ ನೋಡುವಿರಿ.

ದಿನವೂ ಆಟ ಎಂದು ನಿಮಗನಿಸಿದ್ದು ಹೆಚ್ಚುಕಡಿಮೆ ನಿಜವೇ. 2025ರ ಸೀಸನ್ ಮಾರ್ಚ್ 27ರಿಂದ ಸೆಪ್ಟೆಂಬರ್ 28ರವರೆಗೆ, 186 ದಿನ. ಅದರಲ್ಲಿ 162 ಪಂದ್ಯ. ಉಳಿಯುವ 24 ದಿನದಲ್ಲಿ ನಾಲ್ಕು ಜುಲೈ ನಡುವಿನ ಆಲ್‌ಸ್ಟಾರ್ ಬಿಡುವಿಗೆ ಹೋಯಿತು. ಆರು ತಿಂಗಳಿಗೆ ಇಪ್ಪತ್ತೇ ರಜೆ. ಬಿಡುವಿಲ್ಲದೆ 20 ದಿನಕ್ಕಿಂತ ಹೆಚ್ಚು ಆಡಿಸುವಂತೆ ಪಟ್ಟಿ ಹಾಕಬಾರದೆಂದು ಆಟಗಾರರ ಸಂಘದ ಜೊತೆ ಒಪ್ಪಂದವಿದೆ. ಸರಣಿಗಳು ಸಾಮಾನ್ಯವಾಗಿ ಮೂರು ಅಥವಾ ನಾಲ್ಕು ಪಂದ್ಯದ್ದು. ವಾರದ ನಡುವೆ ಒಂದು, ಶುಕ್ರವಾರದಿಂದ ಭಾನುವಾರಕ್ಕೆ ಇನ್ನೊಂದು. ಸರಣಿಯ ಕೊನೆಯ ದಿನ ಆಟ ಮಧ್ಯಾಹ್ನಕ್ಕೆ ಬಂದಿದ್ದರೆ, ಮುಗಿಸಿ ಅಂದೇ ವಿಮಾನ ಹತ್ತಲಿಕ್ಕಿದೆ ಎಂದು ತಿಳಿಯಿರಿ.

ಪ್ರಶ್ನೆ: ಅಂಕಪಟ್ಟಿಯಲ್ಲಿ ಒಂದು ತಂಡ 145 ಆಡಿರುತ್ತದೆ, ಪಕ್ಕದ್ದು 143. ‘ಗೇಮ್ಸ್ ಬಿಹೈಂಡ್’ ಎಂದು ಅರ್ಧದ ಲೆಕ್ಕವೂ ಬರುತ್ತದೆ. ಬಾಕಿ ಪಂದ್ಯ ಮತ್ತು ಮ್ಯಾಜಿಕ್ ನಂಬರ್ ಅನ್ನು ನಾವೇ ಲೆಕ್ಕ ಹಾಕುವುದು ಹೇಗೆ?

ಮೊದಲಿಗೆ, ಕ್ಯಾಲೆಂಡರ್ ನೋಡಿ ದಿನ ಎಣಿಸಬೇಡಿ. ಗೆಲುವು ಮತ್ತು ಸೋಲನ್ನು ಕೂಡಿಸಿ 162ರಿಂದ ಕಳೆಯಿರಿ. ಬೇಸ್‌ಬಾಲಿನಲ್ಲಿ ಡ್ರಾ ಇಲ್ಲದ್ದರಿಂದ ಈ ಲೆಕ್ಕ ತಪ್ಪುವುದಿಲ್ಲ. ಮಾರ್ಚ್‌ನಲ್ಲಿ ಆಪ್ ತೋರಿಸುವ ಸ್ಪ್ರಿಂಗ್ ಟ್ರೇನಿಂಗ್ (ಸೀಸನ್‌ಗೆ ಮೊದಲಿನ ಅಭ್ಯಾಸ) ಪಂದ್ಯ, ಜುಲೈನ ಆಲ್‌ಸ್ಟಾರ್ ಪಂದ್ಯ, ಅಕ್ಟೋಬರಿನ ಪ್ಲೇಆಫ್ ಯಾವುದೂ ಇದಕ್ಕೆ ಸೇರುವುದಿಲ್ಲ. ಆದರೆ ಉದ್ಘಾಟನೆಗೆ ಮೊದಲೇ ವಿದೇಶದಲ್ಲಿ ಆಡಿಸುವ ಸರಣಿ ಸೇರುತ್ತದೆ. 2025ರ ಮಾರ್ಚ್ 18 ಮತ್ತು 19ರಂದು ಡಾಡ್ಜರ್ಸ್ ಮತ್ತು ಕಬ್ಸ್ ಟೋಕಿಯೋದಲ್ಲಿ ಎರಡು ಪಂದ್ಯ ಮುಗಿಸಿದ್ದವು. ಮಾರ್ಚ್ 27ರಿಂದ ಎಣಿಸಲು ಕೂತವರ ಲೆಕ್ಕ ಅಲ್ಲೇ ಎರಡು ತಪ್ಪಿತು.

ಈಗ ಒಂದು ಊಹೆಯ ಉದಾಹರಣೆ. ಮೇಲಿನ ತಂಡ 85 ಗೆಲುವು, 60 ಸೋಲು. ಬಾಕಿ 17. ಕೆಳಗಿನ ತಂಡ 82 ಗೆಲುವು, 61 ಸೋಲು. ಬಾಕಿ 19. ಗೆಲುವಿನ ವ್ಯತ್ಯಾಸ 3, ಸೋಲಿನ ವ್ಯತ್ಯಾಸ 1. ಎರಡನ್ನೂ ಕೂಡಿ ಅರ್ಧ ಮಾಡಿದರೆ 2. ಇದೇ ಗೇಮ್ಸ್ ಬಿಹೈಂಡ್. ಎರಡೂ ತಂಡ ಆಡಿದ ಪಂದ್ಯಗಳ ವ್ಯತ್ಯಾಸ ಬೆಸವಾಗಿದ್ದಾಗ ಅರ್ಧ ಉಳಿಯುತ್ತದೆ, ಅಷ್ಟೇ.

ಆ 2 ಎಂಬ ಅಂಕಿ ಪೂರ್ತಿ ವಿಷಯ ಹೇಳುವುದಿಲ್ಲ. ಕೆಳಗಿನವರ ಕೈಯಲ್ಲಿ ಎರಡು ಪಂದ್ಯ ಹೆಚ್ಚಿಗೆ ಇವೆ, ಎರಡನ್ನೂ ಗೆದ್ದರೆ ಅಂತರ ಒಂದಕ್ಕಿಳಿಯಿತು. ಅದಕ್ಕೇ ಅನುಭವಸ್ಥರು ಪಟ್ಟಿ ತೆರೆದೊಡನೆ ಸೋಲಿನ ಕಾಲಂಗೆ ಕಣ್ಣು ಹಾಯಿಸುತ್ತಾರೆ. ಆಡದ ಪಂದ್ಯವನ್ನು ಮುಂದೆ ಗೆಲ್ಲಬಹುದು, ಆದ ಸೋಲನ್ನು ಯಾರೂ ಅಳಿಸಲಾರರು. ಇಲ್ಲಿ ನಿಜವಾದ ಅಂತರ ಒಂದೇ ಸೋಲು.

ಮ್ಯಾಜಿಕ್ ನಂಬರ್ ಎಂದರೆ ಮೇಲಿನವರ ಸ್ಥಾನ ಖಚಿತವಾಗಲು ಇನ್ನು ಬೇಕಿರುವ ಅವರ ಗೆಲುವು ಮತ್ತು ಕೆಳಗಿನವರ ಸೋಲು ಸೇರಿದ ಮೊತ್ತ. ಅದು ಹೊರಡುವುದೂ ಸೋಲಿನ ಕಾಲಂನಿಂದಲೇ. ಕೆಳಗಿನ ತಂಡ ಇನ್ನು ಒಂದೂ ಸೋಲದಿದ್ದರೆ 162ರಲ್ಲಿ 61 ಕಳೆದು 101 ಗೆಲುವಿಗೆ ಮುಟ್ಟುತ್ತದೆ. ಅದನ್ನು ದಾಟಲು ಮೇಲಿನವರಿಗೆ 102 ಬೇಕು. 85 ಆಗಿದೆ, ಹಾಗಾಗಿ ಬೇಕಿರುವುದು 17. ಸೂತ್ರವಾಗಿ ಬರೆದರೆ: 163ರಿಂದ ಮುಂದಿರುವವರ ಗೆಲುವು ಕಳೆಯಿರಿ, ಬೆನ್ನಟ್ಟುವವರ ಸೋಲು ಕಳೆಯಿರಿ. ಮೇಲಿನವರು ಗೆದ್ದರೆ ಒಂದು ಇಳಿಯುತ್ತದೆ, ಕೆಳಗಿನವರು ಸೋತರೂ ಒಂದು ಇಳಿಯುತ್ತದೆ. ಇಬ್ಬರೂ ಎದುರುಬದುರಾಗಿ ಆಡಿ ಮೇಲಿನವರು ಗೆದ್ದರೆ ಒಂದೇ ರಾತ್ರಿಗೆ ಎರಡು. ಸೆಪ್ಟೆಂಬರಿನಲ್ಲಿ ಅಂಥ ಸರಣಿ ಬಾಕಿ ಇದೆಯೇ ಎಂದು ಹುಡುಕಿ ಗುರುತು ಹಾಕಿಕೊಳ್ಳಿ, ಎಲ್ಲ ಬದಲಾಗುವುದು ಆ ಮೂರು ದಿನದಲ್ಲಿ.

ಎಡವುವುದು ಮುಖ್ಯವಾಗಿ ಒಂದು ಕಡೆ. ಪಟ್ಟಿಯನ್ನು ಗೆಲುವಿನ ಶೇಕಡಾವಾರು ಮೇಲೆ ಜೋಡಿಸಿರುತ್ತಾರೆ. 80-60 (80 ಗೆಲುವು, 60 ಸೋಲು) ಇರುವ ತಂಡ 78-59 ಇರುವ ತಂಡಕ್ಕಿಂತ ಕೂದಲೆಳೆಯಷ್ಟು ಮೇಲೆ ಕೂರುತ್ತದೆ. ಆದರೆ ಮ್ಯಾಜಿಕ್ ನಂಬರಿಗೆ ಬೇಕಾದದ್ದು ಅತಿ ಕಡಿಮೆ ಸೋತ ಬೆನ್ನಟ್ಟುಗ, ಅಂದರೆ 59 ಸೋಲಿನ ತಂಡ. ಎರಡನೇ ಸ್ಥಾನದವರನ್ನು ಕಣ್ಣು ಮುಚ್ಚಿ ಹಿಡಿದರೆ ಲೆಕ್ಕ ಒಂದು ಕಡಿಮೆ ಬಂದು, ಸಂಭ್ರಮ ಒಂದು ದಿನ ಮೊದಲೇ ಆಗಿಬಿಡುತ್ತದೆ. ವೈಲ್ಡ್ ಕಾರ್ಡ್ (ಡಿವಿಷನ್ ಗೆಲ್ಲದವರಲ್ಲಿ ಮುಂದಿರುವವರಿಗೆ ಸಿಗುವ ಪ್ಲೇಆಫ್ ಸ್ಥಾನ) ಲೆಕ್ಕದಲ್ಲಿ ಈ ತಪ್ಪು ಇನ್ನೂ ಹೆಚ್ಚು, ಏಕೆಂದರೆ ಅಲ್ಲಿ ನಾಲ್ಕೈದು ತಂಡ ಒಟ್ಟಿಗೆ ಬೆನ್ನಟ್ಟುತ್ತಿರುತ್ತವೆ. ಒಂದೊಂದು ಲೀಗಿನಿಂದ ಪ್ಲೇಆಫ್‌ಗೆ ಹೋಗುವವರು ಆರು: ಮೂವರು ಡಿವಿಷನ್ ವಿಜೇತರು, ಮೂವರು ವೈಲ್ಡ್ ಕಾರ್ಡ್.

ಇನ್ನು, ಇದನ್ನೆಲ್ಲ ಜುಲೈನಲ್ಲಿ ಲೆಕ್ಕ ಹಾಕಿ ಫಲವಿಲ್ಲ. 2025ರ ಬೇಸಿಗೆಯಲ್ಲಿ ಡೆಟ್ರಾಯಿಟ್ ಟೈಗರ್ಸ್ ತಂಡವು ಕ್ಲೀವ್‌ಲ್ಯಾಂಡ್ ಗಾರ್ಡಿಯನ್ಸ್‌ಗಿಂತ ಹದಿನೈದೂವರೆ ಪಂದ್ಯ ಮುಂದಿತ್ತು. ಸೀಸನ್ ಮುಗಿದಾಗ ಕ್ಲೀವ್‌ಲ್ಯಾಂಡ್ 88-74, ಡೆಟ್ರಾಯಿಟ್ 87-75.

ಪ್ರಶ್ನೆ: ಮಳೆ ಬಂದರೆ ಪಂದ್ಯ ರದ್ದೇ, ಮುಂದಕ್ಕೇ? ಬಾಕಿ ಲೆಕ್ಕದಲ್ಲಿ ಅದನ್ನು ಎಲ್ಲಿ ಹಿಡಿಯಬೇಕು?

ಕ್ರಿಕೆಟ್‌ನ ಹಾಗೆ ಪಾಯಿಂಟ್ ಹಂಚಿಕೊಂಡು ಮನೆಗೆ ಹೋಗುವುದಿಲ್ಲ. ಆಟ ಶುರುವಾಗದಿದ್ದರೆ ಮುಂದೂಡುತ್ತಾರೆ. ಸಾಮಾನ್ಯವಾಗಿ ಅದೇ ಸರಣಿಯಲ್ಲಿ ಮರುದಿನವೋ, ಆ ತಂಡ ಅದೇ ಊರಿಗೆ ಮತ್ತೆ ಬಂದಾಗಲೋ ಒಂದೇ ದಿನ ಎರಡು ಪಂದ್ಯ ಆಡಿಸುತ್ತಾರೆ. ಇದೇ ಡಬಲ್‌ಹೆಡರ್. ಆ ದಿನ 26 ಜನರ ತಂಡಕ್ಕೆ 27ನೆಯ ಆಟಗಾರನನ್ನು ಸೇರಿಸಲು ಅವಕಾಶವಿದೆ, ಬಹುತೇಕ ಅದು ಒಬ್ಬ ಪಿಚರ್ (ಚೆಂಡು ಎಸೆಯುವವ). ಒಂದೇ ಟಿಕೆಟಿಗೆ ಎರಡೂ ಪಂದ್ಯವೋ, ನಡುವೆ ಕ್ರೀಡಾಂಗಣ ಖಾಲಿ ಮಾಡಿಸಿ ಎರಡನೆಯದಕ್ಕೆ ಬೇರೆ ಟಿಕೆಟ್ಟೋ ಎಂದು ಹೋಗುವ ಮೊದಲೇ ನೋಡಿಕೊಳ್ಳಿ, ಎರಡೂ ಪದ್ಧತಿ ಇವೆ.

ಎರಡೂ ತಂಡ ಒಂದೊಂದು ಸರದಿ ಬ್ಯಾಟ್ ಮಾಡಿದರೆ ಒಂದು ಇನಿಂಗ್ಸ್. ಅಂಥ ಐದು ಇನಿಂಗ್ಸ್ ಮುಗಿದ ಮೇಲೆ, ಅಥವಾ ತವರು ತಂಡ ಮುಂದಿದ್ದರೆ ನಾಲ್ಕೂವರೆ ಆದ ಮೇಲೆ, ಪಂದ್ಯ ಅಧಿಕೃತ. ಅದಕ್ಕೆ ಮೊದಲೇ ಮಳೆಗೆ ನಿಂತ ಪಂದ್ಯ ಬಾಕಿ ಉಳಿದು, ಮುಂದೊಂದು ದಿನ ನಿಂತಲ್ಲಿಂದಲೇ ಸಾಗುತ್ತದೆ. 2024ರ ಜೂನ್ 26ರಂದು ಬೋಸ್ಟನ್‌ನ ಫೆನ್ವೇ ಪಾರ್ಕ್‌ನಲ್ಲಿ ಎರಡನೇ ಇನಿಂಗ್ಸ್‌ಗೇ ಆಟ ನಿಂತಿತು. ಆಗ ಟೊರೊಂಟೊ ಪರ ಬ್ಯಾಟ್ ಹಿಡಿದು ನಿಂತಿದ್ದವರು ಡ್ಯಾನಿ ಜಾನ್ಸನ್. ಮುಂದಿನ ತಿಂಗಳು ಅವರು ಬೋಸ್ಟನ್‌ಗೇ ವರ್ಗವಾದರು. ಆಗಸ್ಟ್ 26ರಂದು ಪಂದ್ಯ ಮುಂದುವರಿದಾಗ, ತಾವೇ ಅರ್ಧಕ್ಕೆ ಬಿಟ್ಟ ಆ ಸರದಿಯಲ್ಲಿ ಎದುರು ತಂಡದ ಕ್ಯಾಚರ್ ಆಗಿ ಬ್ಯಾಟರ್ ಬೆನ್ನ ಹಿಂದೆ ಕೂತಿದ್ದರು! ಒಂದೇ ಪಂದ್ಯದಲ್ಲಿ ಎರಡೂ ತಂಡಕ್ಕೆ ಆಡಿದ ಮೊದಲ ಮೇಜರ್ ಲೀಗ್ ಆಟಗಾರ ಅವರು. ಆ ಎರಡು ತಿಂಗಳೂ ಪಂದ್ಯ ಗೆಲುವಿಗೂ ಸೇರಲಿಲ್ಲ, ಸೋಲಿಗೂ ಸೇರಲಿಲ್ಲ. ಕ್ಯಾಲೆಂಡರಿನಲ್ಲಿ ‘ಆಡಿದ’ ದಿನಗಳನ್ನು ಎಣಿಸಿದವರಿಗೆ ಒಂದು ಪಂದ್ಯ ತಪ್ಪುವುದು ಇಂಥಲ್ಲೇ.

ಕಷ್ಟ ಬರುವುದು ಸೆಪ್ಟೆಂಬರ್ ಕೊನೆಯ ಮಳೆಗೆ, ಏಕೆಂದರೆ ಆಗ ಎರಡೂ ತಂಡಕ್ಕೆ ಒಟ್ಟಿಗೆ ಸಿಗುವ ಬಿಡುವು ಉಳಿದಿರುವುದಿಲ್ಲ. 2024ರಲ್ಲಿ ಹೆಲೀನ್ ಚಂಡಮಾರುತದಿಂದ ಅಟ್ಲಾಂಟಾದಲ್ಲಿ ಬ್ರೇವ್ಸ್–ಮೆಟ್ಸ್ ನಡುವಿನ ಎರಡು ಪಂದ್ಯ ನಿಂತವು. ಸೀಸನ್ ಭಾನುವಾರ ಮುಗಿಯಿತು, ಇವರು ಸೋಮವಾರ, ಸೆಪ್ಟೆಂಬರ್ 30ರಂದು, ಎರಡನ್ನೂ ಆಡಿದರು. ಮೊದಲನೆಯದು ಮೆಟ್ಸ್‌ಗೆ 8-7, ಎರಡನೆಯದು ಬ್ರೇವ್ಸ್‌ಗೆ 3-0. ಇಬ್ಬರೂ 89-73ಕ್ಕೆ ಬಂದು ಪ್ಲೇಆಫ್‌ಗೆ ಹೋದರು. ಭಾನುವಾರವೇ ತನ್ನ 162 ಮುಗಿಸಿ 89-73ರಲ್ಲಿ ಕೂತು ಕಾಯುತ್ತಿದ್ದ ಅರಿಜೋನ ಹೊರಬಿತ್ತು (ಸಮವಾದರೆ ಏನು ನೋಡುತ್ತಾರೆಂಬುದು ಕೊನೆಯ ಉತ್ತರದಲ್ಲಿದೆ). ಗೆದ್ದವರಿಗೂ ವಿಶ್ರಾಂತಿ ಇರಲಿಲ್ಲ: ಮಂಗಳವಾರವೇ ಮೆಟ್ಸ್ ಮಿಲ್ವಾಕಿಯಲ್ಲಿ, ಬ್ರೇವ್ಸ್ ಸ್ಯಾನ್ ಡಿಯಾಗೋದಲ್ಲಿ ಕಣಕ್ಕಿಳಿಯಬೇಕಾಯಿತು.

ಫಲಿತಾಂಶ ಪ್ಲೇಆಫ್ ಮೇಲೆ ಏನೂ ಪರಿಣಾಮ ಬೀರದಿದ್ದರೆ ಪಂದ್ಯವನ್ನು ಕೈಬಿಡುವುದೂ ಉಂಟು. ಅದೇ ವರ್ಷದ ಕೊನೆಯ ಭಾನುವಾರ ಕ್ಲೀವ್‌ಲ್ಯಾಂಡ್–ಹ್ಯೂಸ್ಟನ್ ಪಂದ್ಯ ಮಳೆಗೆ ಹೋಯಿತು, ಮತ್ತೆ ಆಡಿಸಲಿಲ್ಲ. ಕ್ಲೀವ್‌ಲ್ಯಾಂಡ್ 92-69, ಹ್ಯೂಸ್ಟನ್ 88-73: ಒಂದೊಂದರ ಗೆಲುವು, ಸೋಲು ಕೂಡಿ ನೋಡಿ, 161. ಹಳೆಯ ಪಟ್ಟಿಗಳಲ್ಲಿ ಮೊತ್ತ ಒಂದು ಕಡಿಮೆ ಕಂಡರೆ ಮುದ್ರಣದೋಷ ಎಂದುಕೊಳ್ಳಬೇಡಿ.

ಮಳೆಯ ಭಯವೇ ಇಲ್ಲದ ಊರುಗಳೂ ಇವೆ. ಟೊರೊಂಟೊ, ಮಿಲ್ವಾಕಿ, ಹ್ಯೂಸ್ಟನ್, ಸಿಯಾಟಲ್, ಮಯಾಮಿ, ಅರಿಜೋನ, ಟೆಕ್ಸಸ್ ತಂಡಗಳ ಕ್ರೀಡಾಂಗಣಕ್ಕೆ ಮುಚ್ಚಿ ತೆರೆಯುವ ಚಾವಣಿ ಇದೆ. ಚಾವಣಿ ಹೋದರೆ ಪಟ್ಟಿಯೇ ಬದಲಾಗುತ್ತದೆ ಎಂಬುದಕ್ಕೆ ಟ್ಯಾಂಪಾ ಬೇ ಸಾಕ್ಷಿ. 2024ರ ಅಕ್ಟೋಬರಿನಲ್ಲಿ ಮಿಲ್ಟನ್ ಚಂಡಮಾರುತ ಅವರ ಕ್ರೀಡಾಂಗಣದ ಚಾವಣಿಯನ್ನು ಹರಿದುಹಾಕಿತು. 2025ರಲ್ಲಿ ಬಯಲು ಮೈದಾನದಲ್ಲಿ ಆಡಬೇಕಾಗಿ ಬಂದು, ಫ್ಲಾರಿಡಾದ ಮಳೆಗಾಲ ತಪ್ಪಿಸಲು ತವರು ಸರಣಿಗಳನ್ನು ಏಪ್ರಿಲ್, ಮೇ ಕಡೆಗೆ ಎಳೆದರು. ಪರಿಣಾಮವಾಗಿ ಬೇಸಿಗೆಯ ಹೊತ್ತಿಗೆ ಅವರಿಗೆ ಬಾಕಿ ಉಳಿದವು ಹೆಚ್ಚಾಗಿ ಹೊರಗಿನ ಪಂದ್ಯಗಳು. ಅದಕ್ಕೇ ಬಾಕಿ ಎಷ್ಟು ಎನ್ನುವುದರ ಜೊತೆ ಎಲ್ಲಿ ಎನ್ನುವುದನ್ನೂ ಬರೆದಿಟ್ಟುಕೊಳ್ಳಬೇಕು.

ಪ್ರಶ್ನೆ: ಬೆಂಗಳೂರಿನಿಂದ ಮೊಬೈಲಿನಲ್ಲಿ ನೋಡುತ್ತೇನೆ. ಕೆಲವು ದಿನ ಒಂದೇ ತಂಡಕ್ಕೆ ಎರಡು ಪಂದ್ಯ ತೋರಿಸುತ್ತದೆ. ಅದು ಡಬಲ್‌ಹೆಡರ್ ತಾನೇ?

ಬಹುಪಾಲು ಅಲ್ಲ. ನ್ಯೂಯಾರ್ಕ್‌ನಲ್ಲಿ ಮಂಗಳವಾರ ಸಂಜೆ 7:05ರ ಪಂದ್ಯ ನಿಮಗೆ ಬುಧವಾರ ನಸುಕಿನ 4:35ಕ್ಕೆ. ಅಲ್ಲಿ ಬುಧವಾರ ಮಧ್ಯಾಹ್ನ 1:05ರ ಪಂದ್ಯ ನಿಮಗೆ ಬುಧವಾರವೇ ರಾತ್ರಿ 10:35ಕ್ಕೆ. ಎರಡು ದಿನದ ಎರಡು ಪಂದ್ಯ ನಿಮ್ಮ ಒಂದೇ ತಾರೀಖಿಗೆ ಬಂದು ಬೀಳುತ್ತವೆ. ಸೀಸನ್ ಪೂರ್ತಿ ಅಲ್ಲಿ ಬೇಸಿಗೆ ಸಮಯವೇ ಇರುವುದರಿಂದ ನ್ಯೂಯಾರ್ಕ್‌ಗೆ ಒಂಬತ್ತೂವರೆ ಗಂಟೆ, ಲಾಸ್ ಏಂಜಲೀಸ್‌ಗೆ ಹನ್ನೆರಡೂವರೆ ಗಂಟೆ ಕೂಡಿಸಿದರೆ ಸಾಕು. ಆಪ್‌ನಲ್ಲಿ ಸಮಯವನ್ನು ಕ್ರೀಡಾಂಗಣದ ಊರಿಗೆ ಹೊಂದಿಸಲು ಆಗುವುದಾದರೆ ಹಾಗೇ ಇಟ್ಟುಕೊಳ್ಳಿ.

ಪ್ರಶ್ನೆ: 2024ರ ಮೇ 18ರಂದು ಆರ್‌ಸಿಬಿ ಮತ್ತು ಚೆನ್ನೈ ಎರಡೂ 14 ಅಂಕಕ್ಕೆ ನಿಂತು, ರನ್‌ರೇಟ್ ಮೇಲೆ ನಾವು ಒಳಹೋದೆವು. ಬೇಸ್‌ಬಾಲಿನಲ್ಲಿ ಸಮವಾದರೆ?

ರನ್ ಅಂತರಕ್ಕೆ ಅಲ್ಲಿ ಬೆಲೆಯಿಲ್ಲ. 12-0 ಗೆದ್ದರೂ 1-0 ಗೆದ್ದರೂ ಒಂದೇ ಗೆಲುವು. ಹಿಂದೆ ಸಮವಾದರೆ 163ನೆಯ ಪಂದ್ಯ ಆಡಿಸುತ್ತಿದ್ದರು, 2022ರಿಂದ ಅದನ್ನು ನಿಲ್ಲಿಸಿದ್ದಾರೆ. ಈಗ ಮೊದಲು ನೋಡುವುದು ಪರಸ್ಪರ ಪಂದ್ಯಗಳ ಫಲಿತಾಂಶ. ಬೇರೆ ಡಿವಿಷನ್ನಿನ ತಂಡದ ಮೇಲೆ ಆರು ಪಂದ್ಯವಾದರೆ 3-3 ಆಗಬಹುದು, ಆಗ ಸ್ವಂತ ಡಿವಿಷನ್ ಒಳಗಿನ ಸಾಧನೆ ನೋಡುತ್ತಾರೆ. ಒಂದೇ ಡಿವಿಷನ್ನಿನವರಾದರೆ ಆ 13 ಪಂದ್ಯಗಳೇ ತೀರ್ಮಾನ ಕೊಟ್ಟುಬಿಟ್ಟಿರುತ್ತವೆ.

ಮ್ಯಾಜಿಕ್ ನಂಬರ್ ಸೂತ್ರವೂ ಇದರಿಂದ ಬದಲಾಗುತ್ತದೆ. ಮುಂದಿರುವವರು ಪರಸ್ಪರ ಲೆಕ್ಕದಲ್ಲೂ ಗೆದ್ದಿದ್ದರೆ ಸಮವಾದರೂ ಸಾಕು, ಆದ್ದರಿಂದ 163ರ ಬದಲು 162ರಿಂದ ಕಳೆಯಬೇಕು. 2025ರಲ್ಲಿ ಟೊರೊಂಟೊ ಬ್ಲೂ ಜೇಸ್ ಮತ್ತು ಯಾಂಕೀಸ್ ಎರಡೂ 94-68ಕ್ಕೆ ಮುಗಿಸಿದವು. 163ರಿಂದ 94, ಆಮೇಲೆ 68 ಕಳೆದು ನೋಡಿ, 1 ಉಳಿಯುತ್ತದೆ. ಹಳೆಯ ಸೂತ್ರದಲ್ಲಿ ಡಿವಿಷನ್ ಇನ್ನೂ ಯಾರದ್ದೂ ಅಲ್ಲ! ಆದರೆ ಪರಸ್ಪರ 13ರಲ್ಲಿ ಟೊರೊಂಟೊ 8-5 ಮುಂದಿತ್ತು. 162ರಿಂದ ಕಳೆದರೆ ಸೊನ್ನೆ, ಡಿವಿಷನ್ ಅವರದ್ದು. ಟೊರೊಂಟೊಗೆ ಮೊದಲ ಸುತ್ತಿನ ವಿಶ್ರಾಂತಿ ಸಿಕ್ಕಿತು, ಅಷ್ಟೇ ಗೆದ್ದ ಯಾಂಕೀಸ್ ಮೂರು ಪಂದ್ಯದ ವೈಲ್ಡ್ ಕಾರ್ಡ್ ಸುತ್ತಿನಿಂದ ಶುರು ಮಾಡಬೇಕಾಯಿತು. ಅದೇ ದಿನ ನ್ಯಾಷನಲ್ ಲೀಗಿನಲ್ಲಿ ಸಿನ್ಸಿನಾಟಿ ಮತ್ತು ಮೆಟ್ಸ್ 83-79ಕ್ಕೆ ಸಮವಾದವು. ಪರಸ್ಪರ ಆರು ಪಂದ್ಯದಲ್ಲಿ 4-2 ಗೆದ್ದಿದ್ದ ಸಿನ್ಸಿನಾಟಿ ಕೊನೆಯ ವೈಲ್ಡ್ ಕಾರ್ಡ್ ಪಡೆಯಿತು, ಮೆಟ್ಸ್ ಸೀಸನ್ ಅಲ್ಲಿಗೇ ಮುಗಿಯಿತು.