ಸ್ಪೇನಿನ ಆಲ್ಬಾ ಡ್ಯೂಕ್ ಬಿರುದು ಬ್ರಿಟನ್‌ನ ಸ್ಟುವರ್ಟ್ ರಾಜವಂಶಸ್ಥರಿಗೆ ಸಿಕ್ಕಿದ್ದು ಹೇಗೆ?

ಹೆಣ್ಣುಮಕ್ಕಳ ಮೂಲಕ. 1472ರಲ್ಲಿ, ಇಂದಿನ ಸ್ಪೇನಿನ ಭಾಗವಾದ ಕಸ್ಟೀಲ್‌ನ ದೊರೆ ನಾಲ್ಕನೇ ಎನ್ರಿಕೆ ಈ ಬಿರುದನ್ನು ಗಾರ್ಸಿಯಾ ಆಲ್ವಾರೆಸ್ ದೆ ತೊಲೆದೋಗೆ ಕೊಟ್ಟ. ಗಂಡುಮಕ್ಕಳಿಗೆ ಮೊದಲ ಹಕ್ಕಿದ್ದರೂ, ಅವರಿಲ್ಲದಾಗ ಮಗಳಿಗೆ ಬರುತ್ತಿತ್ತು. ಹಾಗಾಗಿಯೇ 18ನೇ ಶತಮಾನದಲ್ಲಿ ಅದು ಸಿಲ್ವಾ ಮನೆತನ ಸೇರಿತು.

13ನೇ ಡಚೆಸ್ ಕಯೆತಾನಾಳನ್ನು ಸ್ಪೇನಿನ ಚಿತ್ರಕಾರ ಗೋಯಾ 1797ರಲ್ಲಿ ಕಪ್ಪುಡುಗೆಯಲ್ಲಿ ಚಿತ್ರಿಸಿದ್ದಾನೆ. ಆಕೆಯ ಬೆರಳುಗಳನ್ನು ಹತ್ತಿರದಿಂದ ನೋಡಿ: ಒಂದು ಉಂಗುರದಲ್ಲಿ 'ಆಲ್ಬಾ', ಇನ್ನೊಂದರಲ್ಲಿ 'ಗೋಯಾ' ಎಂದಿದೆ. 1802ರಲ್ಲಿ ಆಕೆ ಮಕ್ಕಳಿಲ್ಲದೆ ತೀರಿಕೊಂಡಳು. ಹಿಂದೊಮ್ಮೆ ಆಲ್ಬಾ ಮನೆಯ ಹೆಣ್ಣುಮಗಳು ಬರ್ವಿಕ್ ಡ್ಯೂಕ್ ಮನೆಗೆ ಸೊಸೆಯಾಗಿ ಹೋಗಿದ್ದಳು. ಆ ಸಂಬಂಧದಿಂದ ಬಿರುದು ಬರ್ವಿಕ್ ಮನೆಯ 8 ವರ್ಷದ ಕಾರ್ಲೋಸ್ ಮಿಗೆಲ್‌ಗೆ ಬಂತು. ಈ ಬರ್ವಿಕ್ ಮನೆತನದ ಮೂಲಪುರುಷ ಇಂಗ್ಲೆಂಡಿನ ಸ್ಟುವರ್ಟ್ ದೊರೆ ಎರಡನೇ ಜೇಮ್ಸ್‌ನ ವಿವಾಹಬಾಹಿರ ಮಗ.

ಸ್ಪೇನಿನಲ್ಲಿ ಇಂದು ತಂದೆಯೋ ತಾಯಿಯೋ ತೀರಿದೊಡನೆ ಬಿರುದು ತಾನಾಗಿ ಬಂದುಬಿಡುತ್ತದೆ ಎಂಬುದು ತಪ್ಪು ಕಲ್ಪನೆ. ವಾರಸುದಾರರು 1 ವರ್ಷದೊಳಗೆ ನ್ಯಾಯ ಸಚಿವಾಲಯಕ್ಕೆ ಅರ್ಜಿ ಹಾಕಿ, ತೆರಿಗೆ ಕಟ್ಟಿ, ರಾಜನ ಹೆಸರಿನ ಮಾನ್ಯತಾ ಪತ್ರ ಪಡೆಯಬೇಕು. ಸುಮ್ಮನಿದ್ದರೆ ನಂತರದ ಹಕ್ಕುದಾರರಿಗೆ ಇನ್ನೊಂದು ವರ್ಷ, ಆಮೇಲೆ ಹಕ್ಕಿದೆ ಎನ್ನುವ ಯಾರಿಗಾದರೂ 3 ವರ್ಷ ಅವಕಾಶವಿದೆ. 2006ರ ಕಾನೂನಿನ ನಂತರ ಗಂಡು-ಹೆಣ್ಣೆಂಬ ಭೇದವಿಲ್ಲ, ಹಿರಿಯ ಮಗುವಿಗೇ ಹಕ್ಕು. ಬರಬೇಕಾದ ನ್ಯಾಯ ಬಹಳ ತಡವಾಗಿ ಬಂತು.